ಹಾಜರಿಲ್ಲದವನ ಹಕ್ಕು

ಕೋರ್ಟಿನ ಮೆಟ್ಟಿಲು ಹತ್ತಿದವನ ಗತಿಯನ್ನು ಕುರಿತು ನಮ್ಮ ಜನರಲ್ಲಿ ಒಂದು ನಾಣ್ಣುಡಿಯುಂಟು: ಗೆದ್ದವನು ಸೋತ, ಸೋತವನು ಸತ್ತ. ಈ ಮಾತನ್ನು ಕಟ್ಟಿದ ಹಿರಿಯರು ಎರಡೇ ತರದ ಕಕ್ಷಿಗಾರರನ್ನು ಕಂಡವರಾಗಿದ್ದರು. ಮೂರನೆಯವನೊಬ್ಬನು ಅವರ ಲಕ್ಷ್ಯಕ್ಕೆ ಬಂದಿರಲಿಲ್ಲ. ಅವನು ಗೆದ್ದವನೂ ಅಲ್ಲ, ಸೋತವನೂ ಅಲ್ಲ. ಪಟ್ಟೆವಾಲನು ಮೂರು ಸಲ ಹೆಸರು ಕೂಗಿದಾಗ ಕೋರ್ಟಿನ ಪಡಸಾಲೆಯಲ್ಲಿ ಇಲ್ಲದವನು. ಅವನ ದಾವೆಯಲ್ಲಿ ಸತ್ಯವೆಷ್ಟು, ಸುಳ್ಳೆಷ್ಟು ಎಂಬುದನ್ನು ಯಾರೂ ತೂಗಿ ನೋಡುವದಿಲ್ಲ. ಸಾಕ್ಷಿಗಳನ್ನು ಯಾರೂ ಕೇಳುವದಿಲ್ಲ. ‘ಅರ್ಜಿದಾರನು ಗೈರುಹಾಜರಿ, ಅರ್ಜಿ ವಜಾ’ ಎಂದು ಕಡತದ ಮೇಲೆ ಒಂದು ಸಾಲು ಬೀಳುತ್ತದೆ. ಮರುಕ್ಷಣವೇ ಮುಂದಿನ ಹೆಸರಿನ ಕೂಗು ಏಳುತ್ತದೆ.

ಈ ಒಂದು ಸಾಲಿನ ಹುಕುಮಿನ ವಿಷಯವಾಗಿ ನಾಲ್ಕು ಮಾತು ಸ್ಪಷ್ಟವಾಗಿ ಬರೆಯುವದು ಅವಶ್ಯವೆಂದು ನಾವು ಭಾವಿಸುತ್ತೇವೆ. ಹೆಸರು ಕೂಗಿದಾಗ ಇಲ್ಲದಿರುವದು ಅಪರಾಧವಲ್ಲ. ತನ್ನ ಹಕ್ಕು ಸುಳ್ಳೆಂದು ಒಪ್ಪಿಕೊಂಡಂತೆಯೂ ಅಲ್ಲ. ಬರಬೇಕಾದ ದಿನವು ಅರ್ಜಿದಾರನಿಗೆ ತಿಳಿದಿತ್ತೆಂದು ಖಾತ್ರಿ ಮಾಡಿಕೊಳ್ಳದೆ, ಅವನಿಗೆ ತಿಳಿಯುವ ಭಾಷೆಯಲ್ಲಿ ಒಂದು ಎಚ್ಚರಿಕೆಯನ್ನಾದರೂ ಕೊಡದೆ, ಯಾವ ನ್ಯಾಯಾಲಯವೂ ಅವನ ಅರ್ಜಿಯನ್ನು ವಜಾ ಮಾಡಕೂಡದು. ಇದೇ ನಮ್ಮ ಪಕ್ಷ.

ಮೊದಲು ಕಾಯಿದೆ ಏನೆನ್ನುತ್ತದೆಂಬುದನ್ನು ನೋಡೋಣ. ದಿವಾಣಿ ದಾವೆಗಳಿಗೆ ಇಂದಿಗೂ ಆಧಾರವಾಗಿರುವದು ಆಂಗ್ಲರ ಕಾಲದ 1908ರ ದಿವಾಣಿ ಪ್ರಕ್ರಿಯಾ ಸಂಹಿತೆಯೇ. ಅದರ 9ನೆಯ ಆದೇಶವು ಹಾಜರಿ ಗೈರುಹಾಜರಿಗಳ ಪ್ರಕರಣವಾಗಿದೆ. ವಾದಿ ಪ್ರತಿವಾದಿಗಳಿಬ್ಬರೂ ಬಾರದಿದ್ದರೆ 3ನೆಯ ನಿಯಮದಂತೆ ದಾವೆಯನ್ನು ವಜಾ ಮಾಡಬಹುದು. ಆದರೆ 4ನೆಯ ನಿಯಮದಂತೆ ವಾದಿಯು ಕಾಲಮಿತಿಯು ಮೀರದಿದ್ದರೆ ಹೊಸ ದಾವೆಯನ್ನು ಹೂಡಬಹುದು; ಇಲ್ಲವೆ ಹಳೆಯ ದಾವೆಯನ್ನೇ ಪುನಃ ಕಡತಕ್ಕೆ ತೆಗೆದುಕೊಳ್ಳಿರೆಂದು ಬೇಡಬಹುದು. ಪ್ರತಿವಾದಿಯು ಬಂದು ವಾದಿಯು ಬಾರದಿದ್ದರೆ ಮಾತು ಬೇರೆ. 8ನೆಯ ನಿಯಮದಂತೆ, ಪ್ರತಿವಾದಿಯು ಒಪ್ಪಿಕೊಂಡ ಭಾಗವೇನಾದರೂ ಇದ್ದರೆ ಅಷ್ಟನ್ನುಳಿದು, ದಾವೆ ವಜಾ ಆಗತಕ್ಕದ್ದು. ಮುಂದೆ 9ನೆಯ ನಿಯಮವು ಅದೇ ಕಾರಣದ ಮೇಲೆ ಹೊಸ ದಾವೆಯ ಬಾಗಿಲನ್ನು ಮುಚ್ಚಿಬಿಡುತ್ತದೆ. ಬಾರದಿದ್ದುದಕ್ಕೆ ಸಾಕಷ್ಟು ಕಾರಣವಿತ್ತೆಂದು ಸಿದ್ಧಪಡಿಸಿ ಆ ಹುಕುಮನ್ನು ರದ್ದು ಮಾಡಿಸಿಕೊಳ್ಳುವದೊಂದೇ ಅವನಿಗೆ ಉಳಿದ ದಾರಿ.

ವಾಚಕರು ಇಲ್ಲಿಯ ವಿಚಿತ್ರವನ್ನು ಗಮನಿಸಬೇಕು. ವಾದಿಯು ಮಾಡಿದ ತಪ್ಪು ಎರಡೂ ಕಡೆ ಒಂದೇ. ಅವನು ಜ್ವರದಿಂದ ಹಾಸಿಗೆ ಹಿಡಿದಿದ್ದನೆಂದಿಟ್ಟುಕೊಳ್ಳಿರಿ. ಎದುರಾಳಿಯೂ ಬಾರದೆ ಇದ್ದರೆ ಇವನು ಮತ್ತೆ ದಾವೆ ಹೂಡಬಲ್ಲನು. ಎದುರಾಳಿಯು ಬಂದು ನಿಂತರೆ ಅದೇ ಜ್ವರಕ್ಕೆ ಹೊಲ ಹೋಗುತ್ತದೆ. ವಾದಿಯ ಹಕ್ಕಿನ ಅಳಿವು ಉಳಿವು ವಾದಿಯ ಸತ್ಯವನ್ನಾಗಲಿ ಅವನ ಅಲಕ್ಷ್ಯವನ್ನಾಗಲಿ ಅವಲಂಬಿಸದೆ, ಪ್ರತಿವಾದಿಗೆ ಆ ದಿನ ಬಸ್ಸು ಸಿಕ್ಕಿತೇ ಇಲ್ಲವೇ ಎಂಬುದನ್ನು ಅವಲಂಬಿಸಿತು!

ಇದಕ್ಕಿಂತ ದೊಡ್ಡ ವಿಚಿತ್ರ ಮುಂದಿದೆ. ವಜಾದ ಹುಕುಮನ್ನು ರದ್ದು ಮಾಡಬೇಕಾದರೆ ಪ್ರತಿವಾದಿಗೆ ನೋಟೀಸು ಮುಟ್ಟಲೇಬೇಕೆಂದು 9ನೆಯ ನಿಯಮವೇ ವಿಧಿಸುತ್ತದೆ. ಒಳ್ಳೆಯದು; ಒಬ್ಬನ ಬೆನ್ನ ಹಿಂದೆ ಅವನಿಗೆ ಕೆಡುಕಾಗುವ ಹುಕುಮು ಆಗಕೂಡದು. ಆದರೆ ದಾವೆಯನ್ನು ವಜಾ ಮಾಡುವ ಮುಂಚೆ ವಾದಿಗೆ ಒಂದು ನೋಟೀಸು ಮುಟ್ಟಬೇಕೆಂದು ಆ ನಿಯಮಗಳಲ್ಲಿ ಎಲ್ಲಿಯೂ ಹೇಳಿಲ್ಲ. ಕೊಲ್ಲುವದಕ್ಕೆ ಮುನ್ಸೂಚನೆ ಬೇಡ, ಬದುಕಿಸುವದಕ್ಕೆ ಮಾತ್ರ ಬೇಕು!

ಕಾಲಮಿತಿಯ ಲೆಕ್ಕವಾದರೂ ಸಮವಾಗಿದೆಯೋ? 1963ರ ಕಾಲಮಿತಿಯ ಕಾಯಿದೆಯ ಅನುಸೂಚಿಯನ್ನು ತೆರೆದು ನೋಡಿರಿ. ಪ್ರತಿವಾದಿಯು ಬಾರದಿದ್ದಾಗ ಆದ ಏಕಪಕ್ಷೀಯ ಡಿಕ್ರಿಯನ್ನು ರದ್ದು ಮಾಡಿಸಲು 123ನೆಯ ಕಲಮಿನಲ್ಲಿ 30 ದಿವಸಗಳ ಅವಧಿಯಿದೆ. ಸಮನ್ಸು ಸರಿಯಾಗಿ ಮುಟ್ಟದೆ ಇದ್ದವನಿಗೆ ಆ 30 ದಿವಸಗಳು ಡಿಕ್ರಿಯ ಸಂಗತಿ ಅವನಿಗೆ ಗೊತ್ತಾದ ದಿನದಿಂದ ಮೊದಲಾಗುತ್ತವೆ. ವಾದಿಯ ಸಲುವಾಗಿ ಇರುವದು 122ನೆಯ ಕಲಮು. ಅಲ್ಲಿಯೂ 30 ದಿವಸಗಳೇ. ಆದರೆ ಅವು ವಜಾ ಆದ ದಿನದಿಂದಲೇ ಓಡತೊಡಗುತ್ತವೆ. ಅವನಿಗೆ ಗೊತ್ತಾಯಿತೋ ಇಲ್ಲವೋ ಎಂಬ ಪ್ರಶ್ನೆಯೇ ಅಲ್ಲಿಲ್ಲ. ತಡವನ್ನು ಮನ್ನಿಸಲು 5ನೆಯ ಕಲಮು ಇದೆಯಲ್ಲವೇ ಎಂದು ಕೇಳಬಹುದು. ಇದೆ. ಆದರೆ ಒಂದು ಕಡೆಗೆ ಅದು ಹಕ್ಕು, ಇನ್ನೊಂದು ಕಡೆಗೆ ಅದು ದಯೆ. ದಯೆಯನ್ನು ಬೇಡುವದಕ್ಕೆ ಮತ್ತೊಂದು ಅರ್ಜಿ, ಮತ್ತೊಂದು ಪ್ರಮಾಣಪತ್ರ, ಮತ್ತೊಂದು ವಕಾಲತ್ತಿನ ಖರ್ಚು.

ಇಷ್ಟಾಗಿ, ಈ ಹುಕುಮಿಗೆ ಕಾಯಿದೆಯು ಎಷ್ಟು ಬೆಲೆ ಕೊಟ್ಟಿದೆ? ಸಂಹಿತೆಯ 2ನೆಯ ಕಲಮಿನಲ್ಲಿ ‘ಡಿಕ್ರಿ’ ಎಂಬ ಶಬ್ದಕ್ಕೆ ಅರ್ಥ ಹೇಳುವಾಗ, ಗೈರುಹಾಜರಿಯಿಂದಾದ ವಜಾದ ಹುಕುಮು ಡಿಕ್ರಿಯಲ್ಲವೆಂದು ಸ್ಪಷ್ಟವಾಗಿ ತೆಗೆದುಹಾಕಿದ್ದಾರೆ. ಏಕೆಂದರೆ ಅಲ್ಲಿ ಯಾರ ಹಕ್ಕೂ ನಿರ್ಣಯವಾಗಿರುವದಿಲ್ಲ. 1976ರ ತಿದ್ದುಪಡಿಯು ಮೇಲ್ಮನವಿಯ ವಿಷಯದಲ್ಲಿ ಇದೇ ಮಾತನ್ನು ಗಟ್ಟಿ ಮಾಡಿತು: ಮೇಲ್ಮನವಿದಾರನು ಬಾರದಿದ್ದರೆ ಅದನ್ನು ವಜಾ ಮಾಡಬಹುದೇ ಹೊರತು, ಅವನ ಬೆನ್ನ ಹಿಂದೆ ಗುಣದೋಷಗಳನ್ನು ಎಣಿಸಿ ತೀರ್ಪು ಕೊಡಕೂಡದೆಂದು 41ನೆಯ ಆದೇಶದ 17ನೆಯ ನಿಯಮಕ್ಕೆ ವಿವರಣೆಯನ್ನು ಸೇರಿಸಿತು. ನಿರ್ಣಯವೇ ಅಲ್ಲದ ಹುಕುಮೆಂದು ಕಾಯಿದೆಯೇ ಒಪ್ಪಿಕೊಂಡ ವಸ್ತುವಿನಿಂದ ಮನೆ ಹೋಗುತ್ತದೆ, ಹೊಲ ಹೋಗುತ್ತದೆ, ವಿಧವೆಯ ಜೀವನಾಂಶ ಹೋಗುತ್ತದೆ. ಇದು ಯಾವ ನ್ಯಾಯ?

ಬಾರದೆ ಉಳಿಯುವವರು ಯಾರು? ಸಾಹುಕಾರನು ಬಾರದೆ ಉಳಿಯುವದಿಲ್ಲ. ಅವನ ಕಾರಕೂನನು ಬರುತ್ತಾನೆ. ಕಂಪನಿಯು ಬಾರದೆ ಉಳಿಯುವದಿಲ್ಲ. ಅದಕ್ಕೆ ಸಂಬಳದ ವಕೀಲರಿದ್ದಾರೆ. ಸರಕಾರಕ್ಕೆ ಸರಕಾರಿ ವಕೀಲರಿದ್ದಾರೆ. ಬಾರದೆ ಉಳಿಯುವವನು ಸುಗ್ಗಿಯಲ್ಲಿ ಕೂಲಿ ಬಿಟ್ಟು ಬರಲಾರದವನು. ಹೊಟ್ಟೆಪಾಡಿಗೆ ಬೇರೆ ಊರಿಗೆ ಗುಳೆ ಹೋದವನು. ಬಾಣಂತಿಯಾದ ಮಗಳನ್ನು ಬಿಟ್ಟು ಹೊರಡಲಾರದ ತಾಯಿ. ಕೆಟ್ಟು ನಿಂತ ಬಸ್ಸಿನಲ್ಲಿ ಕುಳಿತು ಗಡಿಯಾರ ನೋಡುವ ಮುದುಕ. ಇವರಲ್ಲಿ ಬಹಳ ಮಂದಿಗೆ ತಾರೀಖೇ ತಿಳಿದಿರುವದಿಲ್ಲ. ತಾರೀಖು ವಕೀಲರ ದಿನಚರಿಯಲ್ಲಿರುತ್ತದೆ, ಕೋರ್ಟಿನ ಗಣಕಯಂತ್ರದಲ್ಲಿರುತ್ತದೆ. ಅರ್ಜಿದಾರನ ಮನೆಯ ಗೋಡೆಯ ಮೇಲೆ ಇರುವದಿಲ್ಲ. ತಾರೀಖುಗಳು ಮೇಲಿಂದ ಮೇಲೆ ಮುಂದಕ್ಕೆ ಹೋಗುತ್ತವೆ. ಇಪ್ಪತ್ತು ಸಲ ಬಂದು, ಇಪ್ಪತ್ತು ಸಲವೂ ಮುಂದಿನ ತಾರೀಖನ್ನು ಕೇಳಿಕೊಂಡು ಹಿಂದಿರುಗಿದವನು ಇಪ್ಪತ್ತೊಂದನೆಯ ಸಲ ಬಾರದಿದ್ದರೆ ಅವನನ್ನು ಅಲಕ್ಷ್ಯದವನೆಂದು ಕರೆಯುವ ನೈತಿಕ ಅಧಿಕಾರವು, ಇಪ್ಪತ್ತು ಸಲ ಅವನನ್ನು ಬರಿಗೈಯಲ್ಲಿ ಕಳುಹಿದ ವ್ಯವಸ್ಥೆಗೆ ಎಲ್ಲಿಂದ ಬಂತು?

ಗೈರುಹಾಜರಿಯ ನಿಯಮವನ್ನು ಕಣ್ಣುಮುಚ್ಚಿ ನಡೆಸಿದರೆ ಎಲ್ಲಿಯ ವರೆಗೆ ಹೋಗಬಹುದೆಂಬುದಕ್ಕೆ ಕಾನೂನಿನ ಇತಿಹಾಸದಲ್ಲಿಯೇ ಒಂದು ದಾಖಲೆಯಿದೆ. ಉತ್ತರ ಹಿಂದೂಸ್ಥಾನದಿಂದ ಲಂಡನ್ನಿನ ಪ್ರಿವಿ ಕೌನ್ಸಿಲಿನ ವರೆಗೆ ಹೋದ ದೇಬಿಬಕ್ಷ ಸಿಂಹ ಮತ್ತು ಹಬೀಬ ಶಹಾ ಇವರ ಪ್ರಕರಣದಲ್ಲಿ, ವಾದಿಯು ಗೈರುಹಾಜರಿಯೆಂದು ದಾವೆಯನ್ನು ವಜಾ ಮಾಡಲಾಗಿತ್ತು. ವಾದಿಯು ಬಾರದಿದ್ದುದೇನೋ ನಿಜ. ಏಕೆಂದರೆ ಅವನು ಸತ್ತು ಹೋಗಿದ್ದನು! ಸತ್ತವನ ವಾರಸುದಾರನು ಬಂದು ಕೇಳಿದರೂ ಕೆಳಗಿನ ಕೋರ್ಟುಗಳು ಕದಲಲಿಲ್ಲ. ಕಡೆಗೆ 1913ರಲ್ಲಿ ಪ್ರಿವಿ ಕೌನ್ಸಿಲು, ಗೈರುಹಾಜರಿಯ ನಿಯಮವನ್ನು ಸತ್ತವನಿಗೆ ಹಚ್ಚುವದು ಸಲ್ಲದು, ಇಂಥ ತಪ್ಪನ್ನು ತಿದ್ದಿಕೊಳ್ಳುವ ಸಹಜಾಧಿಕಾರವು ಕೋರ್ಟಿಗೆ ಇದ್ದೇ ಇದೆ ಎಂದು ಹೇಳಬೇಕಾಯಿತು. ಇಷ್ಟು ಸರಳವಾದ ಮಾತಿಗೆ ಸಮುದ್ರ ದಾಟಬೇಕಾಯಿತು. ಸತ್ತವನಿಗೇ ಈ ಗತಿಯಾದ ಮೇಲೆ, ಬದುಕಿದ್ದು ಬಸ್ಸು ತಪ್ಪಿದವನ ಪಾಡೇನು!

ನಮ್ಮ ಮಾತಿಗೆ ಎದುರಾಗಿ ಮೂರು ಆಕ್ಷೇಪಣೆಗಳು ಬರುವವೆಂದು ನಾವು ಬಲ್ಲೆವು. ಒಂದೊಂದನ್ನಾಗಿ ಎತ್ತಿಕೊಳ್ಳುವೆವು.

ಮೊದಲನೆಯದು: ಕಾಯಿದೆಯು ಎಚ್ಚರವುಳ್ಳವನಿಗೆ ನೆರವಾಗುತ್ತದೆ, ನಿದ್ದೆ ಹೋದವನಿಗಲ್ಲ, ದಾವೆ ಹೂಡಿದವನೇ ಅದರ ಬೆನ್ನು ಹತ್ತಬೇಕು. ಈ ಸೂತ್ರ ನಮಗೂ ಪಾಠವಾಗಿದೆ. ಆದರೆ ನಿದ್ದೆ ಹೋದವನು ಯಾರು, ಎಚ್ಚರವಿದ್ದೂ ಸುದ್ದಿ ಮುಟ್ಟದವನು ಯಾರು ಎಂಬುದನ್ನು ವಿಂಗಡಿಸುವ ಕೆಲಸವೇ ನ್ಯಾಯಾಧೀಶನದಲ್ಲವೇ? ಬಾಗಿಲು ತಟ್ಟಿ ನೋಡದೆ ಒಳಗಿನವನು ಮಲಗಿದ್ದಾನೆಂದು ತೀರ್ಮಾನಿಸುವದು ಯಾವ ಎಚ್ಚರ? ನಮ್ಮ ಸರ್ವೋಚ್ಚ ನ್ಯಾಯಾಲಯವು 1955ರಲ್ಲಿಯೇ, ಕೋಟಾದ ಚುನಾವಣಾ ನ್ಯಾಯಮಂಡಲಿಯಿಂದ ಬಂದ ಸಂಗ್ರಾಮಸಿಂಹರ ಪ್ರಕರಣದಲ್ಲಿ, ನ್ಯಾಯಮೂರ್ತಿ ವಿವಿಯನ್ ಬೋಸರ ಮುಖದಿಂದ ಈ ತತ್ವವನ್ನು ಸಾರಿದೆ. ಪ್ರಕ್ರಿಯೆಯ ನಿಯಮಗಳು ಇರುವದು ನ್ಯಾಯಕ್ಕೆ ದಾರಿ ಮಾಡಿಕೊಡುವದಕ್ಕೆ; ಅವನ್ನು ಜನರನ್ನು ದಂಡಿಸುವ ಶಾಸನದಂತೆ ಓದಕೂಡದು; ಯಾರನ್ನೂ ಅವರ ಮಾತು ಕೇಳದೆ ತಳ್ಳಿಬಿಡಕೂಡದು. ಇದು ನಮ್ಮ ಹೊಸ ಬೇಡಿಕೆಯಲ್ಲ, ದೇಶದ ಅತ್ಯುಚ್ಚ ಪೀಠದ ಹಳೆಯ ವಿಧಿ.

ಎರಡನೆಯದು: ಅರ್ಜಿದಾರನು ಬಾರದಿದ್ದರೇನು, ಅವನ ವಕೀಲರು ಇರಲೇಬೇಕಷ್ಟೇ; ಅವರೂ ಬಾರದಿದ್ದರೆ ಕೋರ್ಟು ಏನು ಮಾಡಬೇಕು? ಈ ಆಕ್ಷೇಪಣೆಯನ್ನು ಎತ್ತಿಕೊಳ್ಳುವದು ವಕೀಲವೃತ್ತಿಯಲ್ಲಿರುವ ನಮಗೆ ಕಹಿಯಾದರೂ ಬಿಡಲಾಗದು. ಏಕಕಾಲಕ್ಕೆ ಮೂರು ಕೋರ್ಟುಗಳಲ್ಲಿ ಖಟ್ಲೆಗಳನ್ನು ಹಿಡಿದು ಎರಡರಲ್ಲಿ ಗೈರುಹಾಜರಾಗುವವರು ನಮ್ಮ ವೃತ್ತಿಯಲ್ಲಿದ್ದಾರೆ. ಕಕ್ಷಿಗಾರನಿಗೆ ತಾರೀಖು ತಿಳಿಸಲು ಒಂದು ಕಾಗದ ಬರೆಯದವರೂ ಇದ್ದಾರೆ. ದಾವೆ ವಜಾ ಆದ ಸಂಗತಿಯನ್ನು ತಿಂಗಳುಗಟ್ಟಲೆ ಮುಚ್ಚಿಟ್ಟು, ‘ತಾರೀಖು ಮುಂದೆ ಹೋಗಿದೆ’ ಎಂದು ಹೇಳುತ್ತ ಹೋಗುವವರೂ ಇದ್ದಾರೆ. ಇಂಥವರ ಪಾಪವನ್ನು ಹೊರತಕ್ಕವನು ಯಾರು? 1981ರಲ್ಲಿ ರಫೀಕ ಮತ್ತು ಮುನ್ಶಿಲಾಲ ಇವರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಇದಕ್ಕೆ ಉತ್ತರ ಕೊಟ್ಟಿತು. ಹಳ್ಳಿಯವನು ವಕೀಲನನ್ನು ಗೊತ್ತುಪಡಿಸಿ, ಅವನ ಫೀ ಕೊಟ್ಟು, ಕಾಗದಪತ್ರಗಳನ್ನು ಒಪ್ಪಿಸಿದ ಮೇಲೆ ತನ್ನ ಕರ್ತವ್ಯವನ್ನು ತೀರಿಸಿದಂತೆಯೇ. ವಕೀಲನು ಕೋರ್ಟಿಗೆ ಬಂದನೋ ಇಲ್ಲವೋ ಎಂದು ಅವನು ಕಾವಲು ಕೂಡ್ರಬೇಕಾದುದಿಲ್ಲ. ವಕೀಲನ ತಪ್ಪಿಗೆ ನಿರಪರಾಧಿಯಾದ ಕಕ್ಷಿಗಾರನು ಬಲಿಯಾಗಕೂಡದು. ತೀರ್ಪಿನ ತಾತ್ಪರ್ಯ ಇಷ್ಟು. ಆದರೆ ದೇವರು ಕೊಟ್ಟರೂ ಪೂಜಾರಿ ಕೊಡನೆಂಬಂತೆ, ದಿಲ್ಲಿಯಲ್ಲಿ ಸಿಕ್ಕಿದ ಈ ವರವು ತಾಲೂಕಿನ ಕೋರ್ಟಿಗೆ ಇಳಿದು ಬರುವಷ್ಟರಲ್ಲಿ ಎಷ್ಟೋ ಸಲ ಹಾದಿಯಲ್ಲಿಯೇ ಉಳಿದುಬಿಡುತ್ತದೆ.

ಮೂರನೆಯದೇ ಎಲ್ಲಕ್ಕಿಂತ ಬಲವಾದ ಆಕ್ಷೇಪಣೆ: ಖಟ್ಲೆಗಳ ರಾಶಿ ಬೆಳೆದಿದೆ, ಬಾರದವರಿಗಾಗಿ ಕಾಯುತ್ತ ಕುಳಿತರೆ ಬಂದವರ ಗತಿಯೇನು? ದೇಶದ ಜಿಲ್ಲಾ ಮತ್ತು ತಾಲೂಕು ಕೋರ್ಟುಗಳಲ್ಲಿ ಕೊಳೆಯುತ್ತಿರುವ ಖಟ್ಲೆಗಳು 4 ಕೋಟಿಗೂ ಮಿಕ್ಕಿರುವದು ನಿಜ. ಎದುರಾಳಿಯನ್ನು ಪೀಡಿಸುವದೇ ಉದ್ದೇಶವಾಗಿ ದಾವೆ ಹೂಡಿ, ತಡೆಯಾಜ್ಞೆ ಪಡೆದು, ಮುಂದೆ ಮೈಗಳ್ಳರಾಗುವ ವಾದಿಗಳಿರುವದೂ ನಿಜ. ಅಂಥವನ ಎದುರು ತಾರೀಖಿಗೊಮ್ಮೆ ಬಂದು ನಿಲ್ಲುವ ಪ್ರತಿವಾದಿಯ ಸಂಕಟವನ್ನು ನಾವು ಅಲ್ಲಗಳೆಯುವದಿಲ್ಲ. ಅವನ ಬಸ್ಸಿನ ಖರ್ಚೂ ಖರ್ಚೇ, ಅವನು ಕಳೆದುಕೊಂಡ ದಿನಗೂಲಿಯೂ ಕೂಲಿಯೇ. ಆದರೆ ಅವನ ಸಂಕಟಕ್ಕೆ ಔಷಧ ಬೇರೆಯಿದೆ. ಬಾರದ ವಾದಿಯಿಂದ ಖರ್ಚು ಕೊಡಿಸಿರಿ. ಅವನು ಪಡೆದ ತಡೆಯಾಜ್ಞೆಯನ್ನು ತೆಗೆದುಹಾಕಿರಿ. ಎಚ್ಚರಿಕೆಯ ನೋಟೀಸು ಮುಟ್ಟಿದ ಮೇಲೂ ಬಾರದಿದ್ದರೆ ಧಾರಾಳವಾಗಿ ವಜಾ ಮಾಡಿರಿ, ನಾವು ಆಕ್ಷೇಪಿಸುವದಿಲ್ಲ. ನಮ್ಮ ಆಕ್ಷೇಪಣೆಯಿರುವದು ಎಚ್ಚರಿಕೆಯಿಲ್ಲದ ವಜಾಕ್ಕೆ.

ಇನ್ನು ರಾಶಿ ಕರಗಿಸುವ ಮಾತು. ಗೈರುಹಾಜರಿಯಿಂದ ವಜಾ ಆದ ದಾವೆಯೂ ತೀರಿದ ಖಟ್ಲೆಗಳ ಲೆಕ್ಕಕ್ಕೆ ಸೇರುತ್ತದೆ. ಸಾಕ್ಷಿ ಕೇಳಿ, ವಾದ ಆಲಿಸಿ, ತೀರ್ಪು ಬರೆದುದೂ ಒಂದು. ಒಂದು ಸಾಲು ಗೀಚಿ ಬದಿಗೆ ತಳ್ಳಿದ್ದೂ ಒಂದು. ಆದರೆ ತಳ್ಳಿದ ಖಟ್ಲೆಯು ಸತ್ತಿತೇನು? ಅದು ಪುನಃಸ್ಥಾಪನೆಯ ಅರ್ಜಿಯಾಗಿ ಹುಟ್ಟುತ್ತದೆ. ತಡವಾಗಿದ್ದರೆ ತಡ ಮನ್ನಿಸುವ ಅರ್ಜಿಯಾಗಿ ಇನ್ನೊಮ್ಮೆ ಹುಟ್ಟುತ್ತದೆ. ಅದನ್ನು ನಿರಾಕರಿಸಿದರೆ 43ನೆಯ ಆದೇಶದಂತೆ ಮೇಲ್ಮನವಿಯಾಗಿ ಮೂರನೆಯ ಜನ್ಮವೆತ್ತುತ್ತದೆ. ಒಂದು ಖಟ್ಲೆಯನ್ನು ತೀರಿಸಿದೆವೆಂದು ಹಿಗ್ಗುವ ಹೊತ್ತಿಗೆ ಮೂರು ಹುಟ್ಟಿರುತ್ತವೆ. ಎಳೆಯಲ್ಲಿ ಒಂದು ನೋಟೀಸಿನ ಖರ್ಚನ್ನು ಉಳಿಸಲು ಹೋಗಿ ವರ್ಷಗಟ್ಟಲೆಯ ವ್ಯಾಜ್ಯವನ್ನು ಕೊಂಡಂತಾಯಿತು. ಹಾಗೆ ಮರುಹುಟ್ಟು ಪಡೆಯದೆ ನಿಜವಾಗಿಯೂ ಸಾಯುವ ಖಟ್ಲೆ ಯಾವುದು? ಎರಡನೆಯ ಸಲ ಖರ್ಚು ಮಾಡುವ ತ್ರಾಣವಿಲ್ಲದ ಬಡವನದು. ಹೀಗೆ ಈ ನಿಯಮದ ಜರಡಿಯಲ್ಲಿ ಸುಳ್ಳು ದಾವೆಗಳು ಸೋಸಿ ಹೋಗುವದಿಲ್ಲ; ಬಡವರ ದಾವೆಗಳು ಸೋಸಿ ಹೋಗುತ್ತವೆ.

ನಾವು ಕೇಳುವದು ಆಗದ ಮಾತೇನಲ್ಲ. ಕೆಲವು ಬಗೆಯ ಪ್ರಕರಣಗಳಲ್ಲಿ ಇದು ಈಗಾಗಲೇ ನಿಯಮವಾಗಿದೆ. ಶಿಕ್ಷೆ ಹೊಂದಿದವನ ಮೇಲ್ಮನವಿಯನ್ನು, ಅವನಾಗಲಿ ಅವನ ವಕೀಲನಾಗಲಿ ಬಾರದ ಮಾತ್ರಕ್ಕೆ ವಜಾ ಮಾಡಕೂಡದು, ಕಡತವನ್ನು ಓದಿ ಗುಣದೋಷಗಳ ಮೇಲೆಯೇ ತೀರ್ಮಾನಿಸಬೇಕೆಂದು 1996ರಲ್ಲಿ ಬಾನಿಸಿಂಹರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿತು. ಸರಕಾರವು ಭೂಮಿಯನ್ನು ಸ್ವಾಧೀನ ಮಾಡಿಕೊಂಡಾಗ ಪರಿಹಾರವು ಸಾಲದೆಂದು ರೈತನು ಕೇಳಿ ಕೋರ್ಟಿಗೆ ಬಂದ ಉಲ್ಲೇಖವನ್ನು ರೈತನ ಗೈರುಹಾಜರಿಯಿಂದ ವಜಾ ಮಾಡಬರುವದಿಲ್ಲ, ಕೋರ್ಟು ಪರಿಹಾರವನ್ನು ನಿರ್ಣಯಿಸಿಯೇ ತೀರಬೇಕೆಂದು 2002ರಲ್ಲಿ ಖಜಾನಸಿಂಹರ ಪ್ರಕರಣದಲ್ಲಿ ಹೇಳಿತು. ಆಲಮಟ್ಟಿಯ ಹಿನ್ನೀರಿನಲ್ಲಿ ಹೊಲ ಮನೆಗಳನ್ನು ಮುಳುಗಿಸಿಕೊಂಡ ಬಾಗಲಕೋಟೆ, ಬೀಳಗಿಗಳ ಕಡೆಯ ರೈತರಿಗೆ ಈ ತೀರ್ಪಿನ ಬೆಲೆ ಏನೆಂಬುದನ್ನು ನಾವು ಬೇರೆ ಹೇಳಬೇಕಾಗಿಲ್ಲ. ಊರೇ ನೀರಿನಲ್ಲಿ ಮುಳುಗಿ ಬೇರೆ ಕಡೆಗೆ ಹೋದವನಿಗೆ ಹಳೆಯ ವಿಳಾಸಕ್ಕೆ ತಾರೀಖಿನ ಸುದ್ದಿ ಮುಟ್ಟುವದಾದರೂ ಹೇಗೆ!

ಶಾಸನಸಭೆಗೂ ಈ ವಿವೇಕ ಬಂದುದಕ್ಕೆ ಈಚಿನ ನಿದರ್ಶನವೊಂದಿದೆ. ಖಾಸಗಿ ಫಿರ್ಯಾದಿಯು ಬಾರದಿದ್ದರೆ ಆರೋಪಿಯನ್ನು ಬಿಡುಗಡೆ ಮಾಡಬೇಕೆಂದು 1973ರ ದಂಡ ಪ್ರಕ್ರಿಯಾ ಸಂಹಿತೆಯ 256ನೆಯ ಕಲಮಿನಲ್ಲಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 279ನೆಯ ಕಲಮಿನಲ್ಲಿ ಅದೇ ನಿಯಮ ಉಳಿದಿದ್ದರೂ, ಬಿಡುಗಡೆಗೆ ಮೊದಲು ಫಿರ್ಯಾದಿಗೆ ಹಾಜರಾಗಲು 30 ದಿವಸಗಳ ಅವಕಾಶ ಕೊಡಬೇಕೆಂಬ ಮಾತನ್ನು ಹೊಸದಾಗಿ ಸೇರಿಸಿದ್ದಾರೆ. ಚೆಕ್ಕು ಮರಳಿ ಬಂದಿತೆಂದು ಫಿರ್ಯಾದಿ ಕೊಟ್ಟವನಿಗೆ 30 ದಿವಸಗಳ ಉಸಿರು ಸಿಗುವದಾದರೆ, ತಂದೆಯ ಆಸ್ತಿಯಲ್ಲಿ ಪಾಲು ಕೇಳಿ ಬಂದ ಹೆಣ್ಣುಮಗಳಿಗೆ ಅದು ಏಕೆ ಸಿಗಕೂಡದು? ಈ ಪ್ರಶ್ನೆಗೆ ಸರಿಯಾದ ಉತ್ತರ ಕೊಟ್ಟವರನ್ನು ನಾವು ಇನ್ನೂ ಕಂಡಿಲ್ಲ.

ಇದು ವಕೀಲರ ವಿಷಯ, ಕನ್ನಡ ನಾಡಿನ ಏಕೀಕರಣದ ಧ್ಯೇಯವನ್ನು ಹೊತ್ತ ಪತ್ರಿಕೆಗೆ ಇದರಿಂದ ಏನೆಂದು ಕೆಲವರು ಕೇಳಬಹುದು. ಸಂಬಂಧವು ಬಹಳ ಹತ್ತಿರದ್ದೇ. 1920ರ ದಶಂಬರದಲ್ಲಿ ನಾಗಪುರದಲ್ಲಿ ಕೂಡಿದ ಕಾಂಗ್ರೆಸ್ಸು ಎರಡು ಕೆಲಸಗಳನ್ನು ಮಾಡಿತು. ಭಾಷೆಗನುಗುಣವಾಗಿ ಪ್ರಾಂತಿಕ ಸಮಿತಿಗಳನ್ನು ಒಪ್ಪಿ ಕರ್ನಾಟಕಕ್ಕೆ ತನ್ನದೇ ಆದ ಸಮಿತಿಯನ್ನು ಕೊಟ್ಟಿತು; ಅಸಹಕಾರವನ್ನು ಒಪ್ಪಿ ಆಂಗ್ಲರ ಕೋರ್ಟುಗಳನ್ನು ಬಹಿಷ್ಕರಿಸಲು ಕರೆಕೊಟ್ಟಿತು. ಮೋತಿಲಾಲ ನೆಹರು, ಚಿತ್ತರಂಜನ ದಾಸರಂಥವರು ಸಾವಿರಾರು ರೂಪಾಯಿಗಳ ವಕೀಲಿಯನ್ನು ಬಿಟ್ಟರು; ಕರ್ನಾಟಕದಲ್ಲಿಯೂ ಅನೇಕ ವಕೀಲರು ಅದೇ ದಾರಿ ಹಿಡಿದರು. ಆಗ ಕೋರ್ಟಿಗೆ ಗೈರುಹಾಜರಾಗುವದು ದೇಶಭಕ್ತರ ವ್ರತವಾಗಿತ್ತು. ಅದು ಪರರ ಕೋರ್ಟು, ಪರರ ಭಾಷೆ; ಅಲ್ಲಿಗೆ ಹೋಗೆವೆಂದು ಹೇಳುವದು ಸ್ವಾಭಿಮಾನವಾಗಿತ್ತು. ಇಂದು ಕೋರ್ಟು ನಮ್ಮದು. ನಮ್ಮ ಕೋರ್ಟಿಗೆ ಬರಬೇಕೆಂದು ಹಂಬಲಿಸುವವನನ್ನು ಬಾರದಂತೆ ಮಾಡುವದು ಯಾವುದು? ದೂರ ಮತ್ತು ಭಾಷೆ. ಏಕೀಕರಣವು ಕಳೆಯುವೆನೆಂದು ಮಾತು ಕೊಟ್ಟ ಕಷ್ಟಗಳು ಇವೇ ಎರಡು.

ದೂರದ ಮಾತನ್ನು ನೋಡಿರಿ. ಒಡೆದು ಹಂಚಿ ಹೋಗಿದ್ದ ಕಾಲದಲ್ಲಿ ಧಾರವಾಡದವನ ಕಡೆಯ ಮೇಲ್ಮನವಿ ಮುಂಬಯಿಗೆ, ಮಂಗಳೂರಿನವನದು ಮದರಾಸಿಗೆ, ಕಲಬುರ್ಗಿಯವನದು ಹೈದರಾಬಾದಿಗೆ ಹೋಗುತ್ತಿತ್ತು. 1956ರ ನವಂಬರ 1ರಂದು ನಾಡು ಒಂದಾಯಿತು. ಎಲ್ಲರ ಮೇಲ್ಮನವಿಗಳೂ ಬೆಂಗಳೂರಿಗೆ ಹೋಗತೊಡಗಿದವು. ನಾಡು ಒಂದಾದರೂ ಬೀದರದವನಿಗೆ ಬೆಂಗಳೂರು ಸುಮಾರು 700 ಕಿಲೋಮೀಟರು ದೂರವೇ ಉಳಿಯಿತು. ಉತ್ತರ ಕರ್ನಾಟಕದ ವಕೀಲರೂ ಜನರೂ ವರ್ಷಾನುವರ್ಷ ಹೋರಾಡಿದ ಮೇಲೆ 2008ರ ಜುಲೈಯಲ್ಲಿ ಧಾರವಾಡ, ಗುಲಬರ್ಗಾಗಳಲ್ಲಿ ಉಚ್ಚ ನ್ಯಾಯಾಲಯದ ಸಂಚಾರಿ ಪೀಠಗಳು ತೆರೆದವು. 2013ರಲ್ಲಿ ಅವು ಕಾಯಂ ಆದವು. ನಾಡು ಒಂದಾಗಿ 50 ವರ್ಷಗಳು ಕಳೆದ ಮೇಲೆ ನ್ಯಾಯವು ಜನರ ಕಡೆಗೆ ನಾಲ್ಕು ಹೆಜ್ಜೆ ನಡೆದು ಬಂತು. ಆ ನಡುವಿನ ಕಾಲದಲ್ಲಿ ದೂರದ ದೆಸೆಯಿಂದಲೇ ಗೈರುಹಾಜರಿಯಾಗಿ ಹಕ್ಕನ್ನು ಕಳೆದುಕೊಂಡವರ ಲೆಕ್ಕವನ್ನು ಯಾರು ಇಟ್ಟಿದ್ದಾರೆ?

ಭಾಷೆಯ ಮಾತು ಇನ್ನೂ ತೀರಿಲ್ಲ. ಕನ್ನಡವು ರಾಜ್ಯದ ಆಡಳಿತ ಭಾಷೆಯೆಂದು 1963ರ ಕಾಯಿದೆ ಸಾರಿದೆ. ಕೆಳಗಿನ ದಿವಾಣಿ ಕೋರ್ಟುಗಳ ಭಾಷೆ ಯಾವುದಿರಬೇಕೆಂದು ಗೊತ್ತುಪಡಿಸುವ ಅಧಿಕಾರವನ್ನು ಸಂಹಿತೆಯ 137ನೆಯ ಕಲಮು ರಾಜ್ಯ ಸರಕಾರಕ್ಕೇ ಕೊಟ್ಟಿದೆ. ಅದೇ ಕಲಮು, ಬರಹವು ಇಂಗ್ಲಿಷಿನಲ್ಲಿದ್ದು ಕಕ್ಷಿಗಾರನಿಗೆ ಆ ಭಾಷೆ ಬಾರದಿದ್ದರೆ, ಅವನು ಕೇಳಿದಲ್ಲಿ ಕೋರ್ಟಿನ ಭಾಷೆಗೆ ಅನುವಾದಿಸಿ ಕೊಡಬೇಕೆಂದೂ ಹೇಳುತ್ತದೆ. ಕೇಳಿದಲ್ಲಿ! ತನ್ನ ಮೇಲೆ ಏನು ಬರೆದಿದ್ದಾರೆಂದೇ ತಿಳಿಯದವನು ಏನನ್ನು ಕೇಳಿಯಾನು? ಕನ್ನಡ ನಾಡಿನ ಅನೇಕ ಕೋರ್ಟುಗಳಲ್ಲಿ ಇಂದಿಗೂ ದಿನದಿನದ ಹುಕುಮಿನ ಹಾಳೆಯು ಇಂಗ್ಲಿಷಿನಲ್ಲಿಯೇ ಇರುತ್ತದೆ. ಭೂಪಟದಲ್ಲಿ ಆದ ಏಕೀಕರಣವು ಹುಕುಮಿನ ಹಾಳೆಯಲ್ಲಿ ಆಗದಿದ್ದರೆ, ತಾಲೂಕಿನ ಕಚೇರಿಯ ಕಟ್ಟೆಯ ಮೇಲೆ ಕುಳಿತ ಕನ್ನಡಿಗನಿಗೆ ಆಂಗ್ಲರ ಕಾಲಕ್ಕೂ ಈ ಕಾಲಕ್ಕೂ ಏನು ಭೇದ ತೋರಬೇಕು?

ಆದುದರಿಂದ ನಮ್ಮ ಬೇಡಿಕೆಗಳು ಇವು. ಮೊದಲ ಗೈರುಹಾಜರಿಗೆ ವಜಾ ಆಗಕೂಡದು. ವಕೀಲರಿಗಷ್ಟೇ ಅಲ್ಲದೆ ಅರ್ಜಿದಾರನಿಗೇ ನೇರವಾಗಿ ಎಚ್ಚರಿಕೆಯ ನೋಟೀಸು ಹೋಗಬೇಕು. ಅಂಚೆಯಿಂದಲೂ ಹೋಗಲಿ, ಸಂಚಾರಿ ದೂರವಾಣಿಗೂ ಹೋಗಲಿ. ಅದು ಕನ್ನಡದಲ್ಲಿರಬೇಕು, ಯಾವ ಕೋರ್ಟು, ಯಾವ ದಿನ, ಬಾರದಿದ್ದರೆ ಏನಾಗುವದು ಎಂಬ ಮೂರು ಮಾತುಗಳು ಎಲ್ಲರಿಗೂ ತಿಳಿಯುವಂತಿರಬೇಕು. ಮುಂದಿನ ತಾರೀಖಿಗೆ 30 ದಿವಸಗಳಾದರೂ ಇರಬೇಕು. ಪುನಃಸ್ಥಾಪನೆಯ ಅವಧಿಯನ್ನು, ಪ್ರತಿವಾದಿಗೆ ಇರುವಂತೆಯೇ, ವಜಾದ ಸಂಗತಿ ಗೊತ್ತಾದ ದಿನದಿಂದ ಎಣಿಸುವಂತೆ ಲೋಕಸಭೆಯು 122ನೆಯ ಕಲಮನ್ನು ತಿದ್ದಬೇಕು. ಕೋರ್ಟುಗಳ ವಾರ್ಷಿಕ ಲೆಕ್ಕದಲ್ಲಿ ಗೈರುಹಾಜರಿಯ ವಜಾಗಳನ್ನು ಬೇರೆ ಅಂಕಣದಲ್ಲಿ ತೋರಿಸಬೇಕು. ಅವನ್ನು ನ್ಯಾಯ ಕೊಟ್ಟುದರ ಲೆಕ್ಕಕ್ಕೆ ಸೇರಿಸಕೂಡದು.

ಕಾಲಮಿತಿಯ ಮಾತನ್ನು ಬಿಟ್ಟರೆ ಇವುಗಳಲ್ಲಿ ಒಂದಕ್ಕೂ ದಿಲ್ಲಿಯ ದಾರಿ ಕಾಯಬೇಕಾಗಿಲ್ಲ. ಸಂಹಿತೆಯ ಮೊದಲನೆಯ ಅನುಸೂಚಿಯಲ್ಲಿರುವ ನಿಯಮಗಳನ್ನು, 9ನೆಯ ಆದೇಶವನ್ನೂ ಕೂಡಿಸಿ, ತಿದ್ದುವ ಮತ್ತು ಕೂಡಿಸುವ ಅಧಿಕಾರವನ್ನು 122ನೆಯ ಕಲಮು ಆಯಾ ರಾಜ್ಯದ ಉಚ್ಚ ನ್ಯಾಯಾಲಯಕ್ಕೆ ಕೊಟ್ಟಿದೆ. 126ನೆಯ ಕಲಮಿನಂತೆ ಅದಕ್ಕೆ ರಾಜ್ಯ ಸರಕಾರದ ಒಪ್ಪಿಗೆ ಇದ್ದರೆ ಸಾಕು. ಕರ್ನಾಟಕದ ಉಚ್ಚ ನ್ಯಾಯಾಲಯವೂ ಕರ್ನಾಟಕದ ಸರಕಾರವೂ ಮನಸ್ಸು ಮಾಡಿದರೆ ಇದು ಆಗುವ ಕೆಲಸ. ನಾಡು ಒಂದಾಗಬೇಕೆಂದು ಹಿರಿಯರು ಹೋರಾಡಿದ್ದು ಇಂಥ ಅಧಿಕಾರವನ್ನು ನಮ್ಮ ಜನರ ಹಿತಕ್ಕೆ ನಾವೇ ನಡೆಸಬೇಕೆಂದಲ್ಲವೇ?

ಸರಕಾರವು ಮಾಡುವ ವರೆಗೆ ನಾವು ಕೈಕಟ್ಟಿ ಕೂಡ್ರಬೇಕಾಗಿಲ್ಲ. ವಕೀಲ ಬಂಧುಗಳಿಗೆ ನಮ್ಮ ವಿನಂತಿಯೇನೆಂದರೆ, ಪ್ರತಿಯೊಂದು ತಾರೀಖನ್ನೂ ಕಕ್ಷಿಗಾರನಿಗೆ ಕನ್ನಡದಲ್ಲಿ ಬರೆದುಕೊಡಿರಿ. ವಜಾ ಆದರೆ ಅದೇ ದಿನ ತಿಳಿಸಿರಿ. ತಾಲೂಕಿಗೊಂದರಂತೆ ಕಾನೂನು ಸೇವಾ ಸಮಿತಿಗಳಿವೆ. 1987ರ ಕಾಯಿದೆಯಂತೆ ಹೆಂಗಸರಿಗೂ, ಪರಿಶಿಷ್ಟ ಜಾತಿ ಪಂಗಡಗಳವರಿಗೂ, ಬಡವರಿಗೂ ಪುಕ್ಕಟೆ ವಕೀಲರನ್ನು ಕೊಡತಕ್ಕದ್ದು ಅವುಗಳ ಕರ್ತವ್ಯ. ವಜಾ ಆದ ದಾವೆಯನ್ನು ಎತ್ತಿಸುವದಕ್ಕೂ ಅವುಗಳ ನೆರವು ಕೇಳಬಹುದೆಂಬುದನ್ನು ಹಳ್ಳಿಹಳ್ಳಿಗೆ ಮುಟ್ಟಿಸಿರಿ. ಶಾಲಾಮಾಸ್ತರರಿಗೆ ನಮ್ಮ ಪ್ರಾರ್ಥನೆ ಇನ್ನೂ ಹೆಚ್ಚಿನದು. ಕೋರ್ಟಿನ ಕಾಗದವು ಹಳ್ಳಿಗೆ ಬಂದಾಗ ಜನರು ಅದನ್ನು ಹಿಡಿದುಕೊಂಡು ಬರುವದು ನಿಮ್ಮ ಕಡೆಗೆ. ಅದನ್ನು ಓದಿ ಹೇಳಿರಿ. ತಾರೀಖನ್ನು ಅವರ ಮನೆಯ ಪಂಚಾಂಗದಲ್ಲಿ ಗುರುತು ಮಾಡಿಕೊಡಿರಿ. ‘30 ದಿವಸ’ ಎಂಬ ಮಾತನ್ನು ಅವರ ಕಿವಿಯಲ್ಲಿ ಮೂರು ಸಲ ಹೇಳಿರಿ. ಒಂದು ಹೊಲವನ್ನು ಉಳಿಸಿದ ಪುಣ್ಯ ನಿಮ್ಮದಾಗುವದು.

ಕೊನೆಯದಾಗಿ ನ್ಯಾಯಾಧೀಶರಿಗೆ ಒಂದು ಮಾತು, ಸಂಪೂರ್ಣ ಗೌರವದಿಂದ. ವಜಾ ಎಂದು ಬರೆಯುವ ಮುಂಚೆ ಒಂದು ಕ್ಷಣ ಲೇಖನಿಯನ್ನು ತಡೆದು, ಈತನಿಗೆ ಈ ದಿನ ಗೊತ್ತಿತ್ತೇ ಎಂದು ಕಡತವನ್ನು ಕೇಳಿರಿ. ಗೊತ್ತಿತ್ತೆಂಬುದಕ್ಕೆ ಕಡತದಲ್ಲಿ ಆಧಾರವಿಲ್ಲದಿದ್ದರೆ, ಗೈರುಹಾಜರಾಗಿರುವದು ಅರ್ಜಿದಾರನಲ್ಲ, ನ್ಯಾಯವೇ.